ವಾಯಿದೆ ತಪ್ಪಿದರೆ ಮೇಲ್ಮನವಿ ವಜಾ: ಕಾನೂನು ಹೇಳುವುದೇನು, ಉಳಿಯುವ ದಾರಿ ಯಾವುದು?

ಸಿವಿಲ್ ದಾವೆಯಲ್ಲಿ ಸೋತವರಿಗೆ ಕಾನೂನು ನೀಡಿರುವ ಮೊದಲ ಆಸರೆ ಮೇಲ್ಮನವಿ. ಕೆಳ ನ್ಯಾಯಾಲಯ ಸಾಕ್ಷ್ಯವನ್ನು ತಪ್ಪಾಗಿ ಅರ್ಥೈಸಿದ್ದರೆ, ಕಾನೂನನ್ನು ತಪ್ಪಾಗಿ ಅನ್ವಯಿಸಿದ್ದರೆ ಅದನ್ನು ಮೇಲಿನ ನ್ಯಾಯಾಲಯ ತಿದ್ದಬಹುದು. ಆದರೆ ಮೇಲ್ಮನವಿಯನ್ನು ಸಲ್ಲಿಸಿದರಷ್ಟೇ ಸಾಲದು, ಅದನ್ನು ನಡೆಸಿಕೊಂಡೂ ಹೋಗಬೇಕು. ಪ್ರಕರಣವನ್ನು ಕೂಗಿದ ದಿನ ಮೇಲ್ಮನವಿದಾರರಾಗಲಿ ಅವರ ಪರ ವಕೀಲರಾಗಲಿ ಹಾಜರಿಲ್ಲದಿದ್ದರೆ, ಕಡತದೊಳಗಿನ ಯಾವ ಪ್ರಶ್ನೆಯನ್ನೂ ಮುಟ್ಟದೆ ಒಂದೆರಡು ಸಾಲಿನ ಆದೇಶದ ಮೂಲಕ ನ್ಯಾಯಾಲಯವು ಅದನ್ನು ವಜಾ ಮಾಡಬಹುದು. ನ್ಯಾಯಾಲಯದ ಆವರಣದಲ್ಲಿ ಇದನ್ನು ‘ಡೀಫಾಲ್ಟ್ ವಜಾ’ ಎಂದು ಕರೆಯುವುದು ರೂಢಿ.

ಇಂತಹ ಆದೇಶವು ಜಮೀನು ಯಾರದು, ಮನೆಯಲ್ಲಿ ಪಾಲು ಯಾರಿಗೆ, ಸಾಲ ತೀರಿದೆಯೇ ಇಲ್ಲವೇ ಎಂಬ ಪ್ರಶ್ನೆಗಳಿಗೆ ಉತ್ತರ ಕೊಡುವುದಿಲ್ಲ. ಆದರೂ ಅದರ ಪರಿಣಾಮ ಎಷ್ಟೋ ವೇಳೆ ಅಂತಿಮ ತೀರ್ಪಿನ ಪರಿಣಾಮದಷ್ಟೇ ಕಠಿಣವಾಗಿರುತ್ತದೆ. ಆದೇಶವನ್ನು ತೆರವು ಮಾಡಿಸಿಕೊಳ್ಳಲು ಕಾನೂನು ಒಂದು ದಾರಿಯನ್ನು ತೆರೆದಿಟ್ಟಿದೆ. ಆ ದಾರಿಗಿರುವ ಅವಧಿ ಕೇವಲ 30 ದಿನ. ವಜಾ ಆದ ಸಂಗತಿಯೇ ತಿಳಿಯದ ಕಕ್ಷಿದಾರರ ಪಾಲಿಗೆ ಈ ಅವಧಿ ಸದ್ದಿಲ್ಲದೆ ಕಳೆದುಹೋಗುತ್ತದೆ.

ವಜಾ ಮಾಡುವ ಅಧಿಕಾರ ಎಲ್ಲಿಂದ?

ಮೇಲ್ಮನವಿಗಳ ವಿಚಾರಣಾ ಕ್ರಮವನ್ನು 1908ರ ಸಿವಿಲ್ ಪ್ರಕ್ರಿಯಾ ಸಂಹಿತೆಯ 41ನೇ ಆದೇಶ ನಿರೂಪಿಸುತ್ತದೆ. ಗೈರುಹಾಜರಿಗಾಗಿ ವಜಾ ಮಾಡುವ ಅಧಿಕಾರ ಈ ಆದೇಶದ ಎರಡು ಕಡೆ ಇದೆ.

ಮೊದಲನೆಯದು ನಿಯಮ 11ರ ಎರಡನೆಯ ಉಪನಿಯಮ. ಮೇಲ್ಮನವಿಯನ್ನು ವಿಚಾರಣೆಗೆ ಅಂಗೀಕರಿಸಬೇಕೇ ಬೇಡವೇ ಎಂಬ ಪ್ರಾಥಮಿಕ ಹಂತದಲ್ಲಿ ಮೇಲ್ಮನವಿದಾರರು ಗೈರಾದರೆ ಇದು ಅನ್ವಯವಾಗುತ್ತದೆ. ಎರಡನೆಯದು ನಿಯಮ 17. ಎದುರುದಾರರಿಗೆ ನೋಟಿಸು ಜಾರಿಯಾಗಿ ಅಂತಿಮ ವಾದಕ್ಕೆ ಗೊತ್ತುಪಡಿಸಿದ ದಿನದಂದು ಅಥವಾ ವಿಚಾರಣೆಯನ್ನು ಮುಂದೂಡಿದ ಮತ್ತೊಂದು ದಿನದಂದು ಮೇಲ್ಮನವಿದಾರರು ಹಾಜರಾಗದಿದ್ದರೆ ಈ ನಿಯಮದಡಿ ವಜಾ ಮಾಡಬಹುದು. ಎರಡೂ ಕಡೆ ಕಾನೂನು ಬಳಸಿರುವ ಮಾತು ‘ವಜಾ ಮಾಡಬಹುದು’ ಎಂದೇ ಹೊರತು ‘ವಜಾ ಮಾಡತಕ್ಕದ್ದು’ ಎಂದಲ್ಲ. ಮತ್ತೊಂದು ವಾಯಿದೆ ಕೊಡುವ ವಿವೇಚನೆ ನ್ಯಾಯಾಧೀಶರಿಗೆ ಇದ್ದೇ ಇದೆ. ಮೊದಲ ಬಾರಿಯ ಗೈರುಹಾಜರಿಗೇ ವಜಾ ಮಾಡದೆ ಇನ್ನೊಂದು ಅವಕಾಶ ನೀಡುವುದು ಅನೇಕ ನ್ಯಾಯಾಲಯಗಳಲ್ಲಿ ಕಂಡುಬರುವ ಪದ್ಧತಿ.

ಈ ನಿಯಮಗಳು ಜಿಲ್ಲಾ ಹಂತದ ಮೊದಲ ಮೇಲ್ಮನವಿಗಳಿಗೆ ಮಾತ್ರ ಸೀಮಿತವಲ್ಲ. ಸಂಹಿತೆಯ 42ನೇ ಆದೇಶದ ಮೂಲಕ ಹೈಕೋರ್ಟಿನ ಎರಡನೆಯ ಮೇಲ್ಮನವಿಗಳಿಗೂ, 43ನೇ ಆದೇಶದ ಮೂಲಕ ಮಧ್ಯಂತರ ಆದೇಶಗಳ ವಿರುದ್ಧದ ಮೇಲ್ಮನವಿಗಳಿಗೂ ಇವು ಅನ್ವಯಿಸುತ್ತವೆ. ಕರ್ನಾಟಕದಲ್ಲಿ ಸಿವಿಲ್ ನ್ಯಾಯಾಧೀಶರ ತೀರ್ಪಿನ ವಿರುದ್ಧ ಹಿರಿಯ ಸಿವಿಲ್ ನ್ಯಾಯಾಧೀಶರ ಮುಂದೆ ಮೇಲ್ಮನವಿ ಸಲ್ಲುತ್ತದೆ. ಹಿರಿಯ ಸಿವಿಲ್ ನ್ಯಾಯಾಧೀಶರ ತೀರ್ಪಿನ ವಿರುದ್ಧ ಅದಕ್ಕೂ ಮೇಲಿನ ನ್ಯಾಯಾಲಯಕ್ಕೆ ಹೋಗಬೇಕಾಗುತ್ತದೆ. ಹೈಕೋರ್ಟಿನ ಪ್ರಕರಣಗಳು ಬೆಂಗಳೂರಿನ ಪ್ರಧಾನ ಪೀಠದಲ್ಲೂ, 2008ರಲ್ಲಿ ಸಂಚಾರಿ ಪೀಠಗಳಾಗಿ ಆರಂಭಗೊಂಡು 2013ರಲ್ಲಿ ಕಾಯಂಗೊಂಡ ಧಾರವಾಡ ಮತ್ತು ಕಲಬುರ್ಗಿ ಪೀಠಗಳಲ್ಲೂ ನಡೆಯುತ್ತವೆ. ಯಾವ ಹಂತದಲ್ಲಿದ್ದರೂ ಹಾಜರಾತಿಯ ಹೊಣೆ ಮೇಲ್ಮನವಿದಾರರದ್ದೇ.

ಗೈರುಹಾಜರಿ ಒಂದೇ ಕಾರಣವಲ್ಲ. ಕಚೇರಿ ಎತ್ತಿದ ಆಕ್ಷೇಪಣೆಗಳನ್ನು ಸರಿಪಡಿಸದಿರುವುದು, ಎದುರುದಾರರ ಸರಿಯಾದ ವಿಳಾಸ ಒದಗಿಸದಿರುವುದು, ನೋಟಿಸು ಜಾರಿಯ ಶುಲ್ಕ ಕಟ್ಟದಿರುವುದು ಮುಂತಾದ ಕಾರಣಗಳಿಗೂ ‘ನಡೆಸಿಕೊಂಡು ಹೋಗಿಲ್ಲ’ ಎಂದು ಮೇಲ್ಮನವಿ ವಜಾ ಆಗುವುದುಂಟು. ಇಂತಿಷ್ಟು ವಾರಗಳೊಳಗೆ ಲೋಪ ಸರಿಪಡಿಸದಿದ್ದರೆ ಪೀಠದ ಮುಂದೆ ಮತ್ತೆ ಇಡದೆಯೇ ಮೇಲ್ಮನವಿ ವಜಾ ಆದಂತೆ ಎಂಬ ಷರತ್ತಿನ ಆದೇಶಗಳೂ ಹೈಕೋರ್ಟಿನಲ್ಲಿ ಹೊರಬೀಳುತ್ತವೆ. ಗಡುವು ಮೀರಿದ ಕೂಡಲೇ ಇಂತಹ ಆದೇಶ ತಾನಾಗಿಯೇ ಜಾರಿಗೆ ಬರುತ್ತದೆ. ಆ ದಿನ ಯಾರ ಹೆಸರನ್ನೂ ಕೂಗುವುದಿಲ್ಲವಾದ್ದರಿಂದ ಕಕ್ಷಿದಾರರಿಗೆ ಇದರ ಸುಳಿವು ಸಿಗುವುದು ಇನ್ನೂ ಕಷ್ಟ.

ಗುಣಾವಗುಣದ ತೀರ್ಪು ಅಲ್ಲ

ಮೇಲ್ಮನವಿದಾರರು ಬಾರದ ದಿನ ನ್ಯಾಯಾಲಯವು ಕಡತವನ್ನು ತಾನೇ ಓದಿ, ಕೆಳಗಿನ ತೀರ್ಪು ಸರಿಯಾಗಿದೆ ಎಂದು ಬರೆದು ವಜಾ ಮಾಡಬಹುದೇ? ಈ ಪ್ರಶ್ನೆಗೆ ಹಿಂದೆ ಹೈಕೋರ್ಟುಗಳು ಬೇರೆ ಬೇರೆ ಉತ್ತರ ನೀಡಿದ್ದವು. 1976ರ ತಿದ್ದುಪಡಿ ಕಾಯ್ದೆಯು ನಿಯಮ 17ಕ್ಕೆ ಒಂದು ವಿವರಣೆಯನ್ನು ಸೇರಿಸಿ ಗೊಂದಲಕ್ಕೆ ತೆರೆ ಎಳೆಯಿತು. ಗೈರುಹಾಜರಿಯ ಸಂದರ್ಭದಲ್ಲಿ ಗುಣಾವಗುಣದ ಆಧಾರದ ಮೇಲೆ ಮೇಲ್ಮನವಿಯನ್ನು ವಜಾ ಮಾಡುವ ಅಧಿಕಾರವನ್ನು ಈ ನಿಯಮ ನೀಡುವುದಿಲ್ಲ ಎಂಬುದೇ ಆ ವಿವರಣೆಯ ಸಾರ. ತಿದ್ದುಪಡಿ ಜಾರಿಗೆ ಬಂದದ್ದು 1977ರ ಫೆಬ್ರುವರಿ 1ರಂದು.

ಅನಂತರವೂ ಗುಣಾವಗುಣದ ಮೇಲೆ ವಜಾ ಮಾಡಿದ ಆದೇಶಗಳು ಬಂದಾಗಲೆಲ್ಲ ಸರ್ವೋಚ್ಚ ನ್ಯಾಯಾಲಯ ಅವುಗಳನ್ನು ತಳ್ಳಿಹಾಕಿದೆ. 1996ರ ಅಬ್ದುರ್ ರಹಮಾನ್ ವಿರುದ್ಧ ಅತೀಫಾ ಬೇಗಂ ಪ್ರಕರಣ ಈ ಸಾಲಿನಲ್ಲಿ ಪದೇ ಪದೇ ಉಲ್ಲೇಖಗೊಳ್ಳುತ್ತದೆ. 2023ರ ನವೆಂಬರಿನಲ್ಲಿಯೂ ನ್ಯಾಯಮೂರ್ತಿಗಳಾದ ಬಿ.ವಿ. ನಾಗರತ್ನ ಮತ್ತು ಉಜ್ಜಲ್ ಭುಯಾನ್ ಅವರ ಪೀಠ ಇದೇ ತತ್ತ್ವವನ್ನು ಪುನರುಚ್ಚರಿಸಿತು.

ಮೇಲ್ನೋಟಕ್ಕೆ ಇದು ವಿಚಿತ್ರವಾಗಿ ಕಾಣಬಹುದು. ಏನನ್ನೂ ಓದದೆ ವಜಾ ಮಾಡಬಹುದು, ಓದಿ ವಜಾ ಮಾಡುವಂತಿಲ್ಲ ಎಂದರೆ ಏನರ್ಥ? ಇದರ ಹಿಂದಿರುವ ಕಾಳಜಿ ಮೇಲ್ಮನವಿದಾರರ ಪರವಾದದ್ದು. ಗೈರುಹಾಜರಿಯ ಕಾರಣಕ್ಕಷ್ಟೇ ವಜಾ ಆದರೆ, ಗೈರಾಗಲು ಕಾರಣವೇನಿತ್ತು ಎಂದು ವಿವರಿಸಿ ಮೇಲ್ಮನವಿಯನ್ನು ಮತ್ತೆ ಜೀವಂತಗೊಳಿಸಬಹುದು. ವಾದವನ್ನೇ ಕೇಳದೆ ಗುಣಾವಗುಣ ತೀರ್ಮಾನವಾಗಿಬಿಟ್ಟರೆ ಆ ಬಾಗಿಲು ಮುಚ್ಚಿಹೋಗುತ್ತದೆ.

ಕ್ರಿಮಿನಲ್ ಮೇಲ್ಮನವಿಗಳಲ್ಲಿ ಸ್ಥಿತಿ ಇದಕ್ಕೆ ತದ್ವಿರುದ್ಧ. ಶಿಕ್ಷೆಗೊಳಗಾದವರ ಮೇಲ್ಮನವಿ ಒಮ್ಮೆ ಅಂಗೀಕೃತವಾದ ಮೇಲೆ ವಕೀಲರು ಬರಲಿಲ್ಲವೆಂಬ ಕಾರಣಕ್ಕೆ ಅದನ್ನು ವಜಾ ಮಾಡುವಂತಿಲ್ಲ, ದಾಖಲೆ ಪರಿಶೀಲಿಸಿ ಗುಣಾವಗುಣದ ಮೇಲೆಯೇ ತೀರ್ಮಾನಿಸಬೇಕು ಎಂದು 1996ರ ಬಾನಿ ಸಿಂಗ್ ಪ್ರಕರಣದಲ್ಲಿ ಸರ್ವೋಚ್ಚ ನ್ಯಾಯಾಲಯ ಹೇಳಿದೆ. ಅಲ್ಲಿ ಪಣಕ್ಕಿರುವುದು ವ್ಯಕ್ತಿಯ ಸ್ವಾತಂತ್ರ್ಯ. ಸಿವಿಲ್ ವ್ಯಾಜ್ಯದಲ್ಲಿ ತನ್ನ ಹಕ್ಕನ್ನು ಬೆನ್ನಟ್ಟುವ ಹೊಣೆಯನ್ನು ಕಾನೂನು ಕಕ್ಷಿದಾರರ ಮೇಲೆಯೇ ಹೊರಿಸಿದೆ.

ವಜಾ ಆದ ಮರುದಿನ

ಡೀಫಾಲ್ಟ್ ವಜಾ ಆದೇಶವು ‘ಡಿಕ್ರಿ’ ಎನಿಸಿಕೊಳ್ಳುವುದಿಲ್ಲ ಎಂದು ಸಂಹಿತೆಯ 2ನೇ ಕಲಮಿನ ಎರಡನೆಯ ಉಪಕಲಮು ಸ್ಪಷ್ಟಪಡಿಸಿದೆ. ಡಿಕ್ರಿ ಅಲ್ಲದ ಮೇಲೆ ಅದರ ವಿರುದ್ಧ ಎರಡನೆಯ ಮೇಲ್ಮನವಿಯೂ ಇಲ್ಲ. ಕೆಳ ನ್ಯಾಯಾಲಯದ ಡಿಕ್ರಿ ಮಾತ್ರ ಹಾಗೆಯೇ ನಿಂತಿರುತ್ತದೆ. ಮೇಲ್ಮನವಿ ನ್ಯಾಯಾಲಯ ಮಧ್ಯಂತರ ತಡೆಯಾಜ್ಞೆ ನೀಡಿದ್ದರೆ ಅದು ಮೇಲ್ಮನವಿಯೊಂದಿಗೇ ಕೊನೆಗೊಳ್ಳುತ್ತದೆ. ಗೆದ್ದವರು ಅಮಲ್ಜಾರಿ ಅರ್ಜಿ ಹಾಕಿ ಸ್ವಾಧೀನ ಪಡೆಯಲು, ಹಣ ವಸೂಲು ಮಾಡಲು ಅಲ್ಲಿಂದ ಮುಂದೆ ತಡೆ ಇರುವುದಿಲ್ಲ.

ಏಕಪಕ್ಷೀಯ ಡಿಕ್ರಿಗೆ ಒಳಗಾದವರ ಸ್ಥಿತಿ ಇನ್ನೂ ಬಿಗಿಯಾದದ್ದು. ಅವರಿಗೆ ಎರಡು ದಾರಿಗಳಿವೆ. ಡಿಕ್ರಿ ನೀಡಿದ ನ್ಯಾಯಾಲಯದಲ್ಲೇ 9ನೇ ಆದೇಶದ 13ನೇ ನಿಯಮದಡಿ ಅದನ್ನು ರದ್ದುಪಡಿಸಲು ಕೋರಬಹುದು, ಇಲ್ಲವೇ ಮೇಲ್ಮನವಿ ಸಲ್ಲಿಸಬಹುದು. ಆದರೆ ಮೇಲ್ಮನವಿಯನ್ನು ತಾವಾಗಿಯೇ ಹಿಂಪಡೆದ ಸಂದರ್ಭವೊಂದನ್ನು ಬಿಟ್ಟು ಬೇರೆ ಯಾವುದೇ ಕಾರಣದಿಂದ ಅದು ವಿಲೇವಾರಿಯಾಗಿದ್ದರೂ 13ನೇ ನಿಯಮದ ಅರ್ಜಿ ನಿಲ್ಲುವುದಿಲ್ಲ ಎಂದು ಅದೇ ನಿಯಮದ ವಿವರಣೆ ಹೇಳುತ್ತದೆ. ಮೇಲ್ಮನವಿಯನ್ನು ಆರಿಸಿಕೊಂಡು ಅದನ್ನು ನಡೆಸದೆ ಬಿಟ್ಟವರು ಎರಡೂ ದಾರಿಗಳನ್ನು ಕಳೆದುಕೊಳ್ಳುವ ಅಪಾಯವಿದೆ.

ಮತ್ತೊಂದು ಅಂಶವೂ ಗಮನಾರ್ಹ. ಎದುರುದಾರರು ತಮಗೆ ಪ್ರತಿಕೂಲವಾದ ಭಾಗದ ವಿರುದ್ಧ ಪ್ರತ್ಯಾಕ್ಷೇಪಣೆ ಸಲ್ಲಿಸಿದ್ದರೆ, ಮೂಲ ಮೇಲ್ಮನವಿ ಗೈರುಹಾಜರಿಯಿಂದ ವಜಾ ಆದರೂ ಆ ಪ್ರತ್ಯಾಕ್ಷೇಪಣೆಯನ್ನು ವಿಚಾರಣೆ ಮಾಡಲು 41ನೇ ಆದೇಶದ 22ನೇ ನಿಯಮ ಅವಕಾಶ ಕೊಡುತ್ತದೆ. ಹೀಗಾಗಿ ಮೇಲ್ಮನವಿ ಸಲ್ಲಿಸಿ ಸುಮ್ಮನಾದವರು ಕೆಳ ನ್ಯಾಯಾಲಯದಲ್ಲಿ ಪಡೆದಿದ್ದ ಅಷ್ಟಿಷ್ಟನ್ನೂ ಕಳೆದುಕೊಳ್ಳಬಹುದು.

ಒಂದರ ವಜಾ, ಇನ್ನೊಂದಕ್ಕೆ ಅಡ್ಡಿ

ಒಂದೇ ಆಸ್ತಿಯ ಕುರಿತು ಎರಡು ದಾವೆಗಳು ಒಟ್ಟಿಗೆ ವಿಚಾರಣೆಯಾಗಿ ಒಂದೇ ತೀರ್ಪು ಬರುವುದು ನಮ್ಮ ನ್ಯಾಯಾಲಯಗಳಲ್ಲಿ ಸಾಮಾನ್ಯ. ಅಣ್ಣ ಹಕ್ಕು ಘೋಷಣೆಗಾಗಿ, ತಮ್ಮ ಪ್ರತಿಬಂಧಕಾಜ್ಞೆಗಾಗಿ ದಾವೆ ಹೂಡಿರುತ್ತಾರೆ. ಎರಡರಲ್ಲೂ ಸೋತವರು ಎರಡು ಮೇಲ್ಮನವಿ ಹಾಕಬೇಕು. ಅವುಗಳ ಪೈಕಿ ಒಂದು ವಜಾ ಆಗಿ ಹಾಗೆಯೇ ಉಳಿದರೆ ಇನ್ನೊಂದರ ಗತಿಯೇನು?

1966ರಲ್ಲಿ ವರದಿಯಾದ ಶಿವದಾನ್ ಸಿಂಗ್ ವಿರುದ್ಧ ದರ್ಯಾವ್ ಕುಂವರ್ ಪ್ರಕರಣದಲ್ಲಿ ಸರ್ವೋಚ್ಚ ನ್ಯಾಯಾಲಯ ಈ ಪ್ರಶ್ನೆಗೆ ಉತ್ತರ ನೀಡಿದೆ. ಅಲಹಾಬಾದ್ ಹೈಕೋರ್ಟಿನ ಮುಂದಿದ್ದ ಮೇಲ್ಮನವಿಗಳಲ್ಲಿ ಒಂದು ಕಾಲಮಿತಿ ಮೀರಿದ್ದಕ್ಕೆ, ಇನ್ನೊಂದು ದಾಖಲೆಗಳ ಅನುವಾದ ಮತ್ತು ಮುದ್ರಣಕ್ಕೆ ಕ್ರಮ ಕೈಗೊಳ್ಳದಿದ್ದಕ್ಕೆ ವಜಾ ಆಗಿದ್ದವು. ಉಳಿದ ಮೇಲ್ಮನವಿಗಳಲ್ಲಿ ಅದೇ ಹಕ್ಕಿನ ಪ್ರಶ್ನೆಯನ್ನು ಮತ್ತೆ ಎತ್ತಲು ಪೂರ್ವನ್ಯಾಯ ನಿರ್ಣಯದ ತತ್ತ್ವ ಅಡ್ಡ ಬರುತ್ತದೆ ಎಂದು ನ್ಯಾಯಾಲಯ ತೀರ್ಮಾನಿಸಿತು. ವಿಚಾರಣಾ ನ್ಯಾಯಾಲಯವು ಹಕ್ಕಿನ ಪ್ರಶ್ನೆಯನ್ನು ಗುಣಾವಗುಣದ ಮೇಲೆ ತೀರ್ಮಾನಿಸಿದೆ, ಅದರ ವಿರುದ್ಧದ ಮೇಲ್ಮನವಿ ಯಾವ ಕಾರಣಕ್ಕೆ ವಜಾ ಆದರೂ ಆ ತೀರ್ಮಾನ ಖಾಯಂ ಆದಂತೆಯೇ ಎಂಬುದು ಅದರ ತರ್ಕ. ಇಲ್ಲವಾದರೆ ಸೋತವರು ಒಂದು ಮೇಲ್ಮನವಿಯನ್ನು ಬೇಕೆಂದೇ ಕೈಬಿಟ್ಟು ಕೆಳ ನ್ಯಾಯಾಲಯದ ತೀರ್ಪಿನ ಬಂಧನದಿಂದ ನುಣುಚಿಕೊಳ್ಳಲು ಸಾಧ್ಯವಾಗುತ್ತಿತ್ತು.

ಯಾರೂ ವಾದಿಸದ, ಯಾರೂ ತೀರ್ಮಾನಿಸದ ಒಂದು ಮೇಲ್ಮನವಿಯ ವಜಾ ಆದೇಶವು ಮುಂದಿನ ಎಲ್ಲ ವಾದಗಳನ್ನೂ ಕಟ್ಟಿಹಾಕಬಲ್ಲದು ಎಂಬುದಕ್ಕೆ ಇದಕ್ಕಿಂತ ಸ್ಪಷ್ಟ ನಿದರ್ಶನ ಬೇಕಿಲ್ಲ.

ಮೂವತ್ತು ದಿನಗಳ ಬಾಗಿಲು

ವಜಾ ಆದ ಮೇಲ್ಮನವಿಯನ್ನು ಮತ್ತೆ ದಾಖಲಿಗೆ ತೆಗೆದುಕೊಳ್ಳುವಂತೆ ಕೋರಲು 41ನೇ ಆದೇಶದ 19ನೇ ನಿಯಮ ಅವಕಾಶ ನೀಡುತ್ತದೆ. ವಜಾ ಮಾಡಿದ ನ್ಯಾಯಾಲಯದ ಮುಂದೆಯೇ ಅರ್ಜಿ ಸಲ್ಲಿಸಬೇಕು. ಪ್ರಕರಣವನ್ನು ಕೂಗಿದಾಗ ಹಾಜರಾಗದಂತೆ ತಡೆದ ಸಕಾರಣ ಇತ್ತೆಂದು ರುಜುವಾತು ಮಾಡಿದರೆ ನ್ಯಾಯಾಲಯವು ಮೇಲ್ಮನವಿಯನ್ನು ಮರುದಾಖಲು ಮಾಡಲೇಬೇಕು. ವಜಾ ಮಾಡುವಾಗ ‘ಮಾಡಬಹುದು’ ಎಂದ ಕಾನೂನು, ಸಕಾರಣ ಸಾಬೀತಾದಾಗ ‘ಮಾಡತಕ್ಕದ್ದು’ ಎನ್ನುತ್ತದೆ. ಎದುರುದಾರರಿಗೆ ಆದ ತೊಂದರೆಗೆ ಪರಿಹಾರವಾಗಿ ದಾವಾ ವೆಚ್ಚ ಕಟ್ಟುವಂತೆ ಷರತ್ತು ವಿಧಿಸುವ ಅಧಿಕಾರ ಮಾತ್ರ ನ್ಯಾಯಾಲಯಕ್ಕೆ ಇದೆ.

ಅವಧಿಯನ್ನು ಗೊತ್ತುಪಡಿಸಿರುವುದು 1963ರ ಕಾಲಮಿತಿ ಕಾಯ್ದೆಯ 122ನೇ ಅನುಚ್ಛೇದ. ಅದರಂತೆ 30 ದಿನಗಳ ಎಣಿಕೆ ಆರಂಭವಾಗುವುದು ವಜಾ ಆದ ದಿನಾಂಕದಿಂದಲೇ, ಕಕ್ಷಿದಾರರಿಗೆ ವಿಷಯ ತಿಳಿದ ದಿನದಿಂದಲ್ಲ. ಇದರ ಪಕ್ಕದಲ್ಲೇ ಇರುವ 123ನೇ ಅನುಚ್ಛೇದವು ಏಕಪಕ್ಷೀಯ ಡಿಕ್ರಿಗೆ ಗುರಿಯಾದವರಿಗೆ ಸಮನ್ಸು ಅಥವಾ ನೋಟಿಸು ಸರಿಯಾಗಿ ಜಾರಿಯಾಗದಿದ್ದಾಗ ವಿಷಯ ತಿಳಿದ ದಿನದಿಂದ ಅವಧಿಯನ್ನು ಎಣಿಸುತ್ತದೆ. ಮೇಲ್ಮನವಿ ಸಲ್ಲಿಸಿದವರಿಗೆ ಈ ಅನುಕೂಲವಿಲ್ಲ. ನ್ಯಾಯಾಲಯಕ್ಕೆ ತಾವಾಗಿಯೇ ಬಂದವರಿಗೆ ತಮ್ಮ ಪ್ರಕರಣದ ದಿನಾಂಕ ತಿಳಿದಿರಬೇಕು ಎಂಬುದು ಕಾನೂನಿನ ನಿರೀಕ್ಷೆ.

ಉದಾಹರಣೆಗೆ, ಪಾಲು ವಿಭಾಗದ ದಾವೆಯಲ್ಲಿ ಸೋತ ಹೆಣ್ಣುಮಗಳೊಬ್ಬರ ಮೇಲ್ಮನವಿ ಜೂನ್ 10ರಂದು ವಜಾ ಆಯಿತೆಂದುಕೊಳ್ಳೋಣ. ಆ ದಿನವನ್ನು ಬಿಟ್ಟು ಎಣಿಸಿದರೆ ಜುಲೈ 10 ಕೊನೆಯ ದಿನ. ಅಂದು ನ್ಯಾಯಾಲಯಕ್ಕೆ ರಜೆಯಿದ್ದರೆ ತೆರೆದ ಮೊದಲ ದಿನ ಸಲ್ಲಿಸಬಹುದು. ಆಕೆಗೆ ವಿಷಯ ತಿಳಿದದ್ದು ಅಮಲ್ಜಾರಿ ಪ್ರಕರಣದ ನೋಟಿಸು ನವೆಂಬರಿನಲ್ಲಿ ಮನೆಗೆ ಬಂದಾಗ ಎಂದಾದರೆ, ಮರುದಾಖಲು ಅರ್ಜಿಯ ಜತೆಗೆ ಕಾಲಮಿತಿ ಕಾಯ್ದೆಯ 5ನೇ ಕಲಮಿನಡಿ ವಿಳಂಬ ಮನ್ನಾ ಅರ್ಜಿಯನ್ನೂ ಹಾಕಬೇಕು. ಆಗ ಆಕೆ ಎರಡು ಸಂಗತಿಗಳನ್ನು ವಿವರಿಸಬೇಕಾಗುತ್ತದೆ. ಜೂನ್ 10ರಂದು ಬಾರದಿದ್ದುದು ಏಕೆ ಎಂಬುದು ಒಂದು, ಜುಲೈ 10ರೊಳಗೆ ಅರ್ಜಿ ಹಾಕದಿದ್ದುದು ಏಕೆ ಎಂಬುದು ಇನ್ನೊಂದು. ಒಂದಕ್ಕೆ ಉತ್ತರ ಕೊಟ್ಟು ಇನ್ನೊಂದನ್ನು ಬಿಟ್ಟರೆ ಅರ್ಜಿ ನಿಲ್ಲುವುದು ಕಷ್ಟ. ಮರುದಾಖಲಿನ ಜತೆಗೆ ಡಿಕ್ರಿಯ ಅಮಲ್ಜಾರಿಗೆ ತಡೆಯನ್ನೂ ಪ್ರತ್ಯೇಕವಾಗಿ ಕೋರುವುದು ಕ್ಷೇಮ.

ಸಕಾರಣ ಯಾವುದು? ತಪ್ಪು ಯಾರದು?

‘ಸಕಾರಣ’ ಎಂಬುದಕ್ಕೆ ಸಂಹಿತೆಯಲ್ಲಿ ವ್ಯಾಖ್ಯಾನವಿಲ್ಲ. ಕಾಯಿಲೆ, ಅಪಘಾತ, ಮನೆಯಲ್ಲಿ ಸಾವು, ದಿನಾಂಕ ತಪ್ಪಾಗಿ ಬರೆದುಕೊಂಡದ್ದು, ವಕೀಲರು ಅದೇ ಹೊತ್ತಿನಲ್ಲಿ ಮತ್ತೊಂದು ಸಭಾಂಗಣದಲ್ಲಿ ವಾದಿಸುತ್ತಿದ್ದುದು ಇವೇ ಮೊದಲಾದ ಕಾರಣಗಳನ್ನು ಪ್ರಕರಣದ ಸಂದರ್ಭ ನೋಡಿ ನ್ಯಾಯಾಲಯ ಒಪ್ಪುತ್ತದೆ ಅಥವಾ ತಿರಸ್ಕರಿಸುತ್ತದೆ. ಹೆಚ್ಚಿನ ಅರ್ಜಿಗಳಲ್ಲಿ ಕೇಳಿಬರುವ ಮಾತು ಒಂದೇ: ವಕೀಲರು ಹಾಜರಾಗಲಿಲ್ಲ, ನಮಗೆ ತಿಳಿಸಲೂ ಇಲ್ಲ.

ಈ ಮಾತಿಗೆ ಸರ್ವೋಚ್ಚ ನ್ಯಾಯಾಲಯ ಅತ್ಯಂತ ಸಹಾನುಭೂತಿಯಿಂದ ಸ್ಪಂದಿಸಿದ್ದು 1981ರ ರಫೀಕ್ ವಿರುದ್ಧ ಮುನ್ಷಿಲಾಲ್ ಪ್ರಕರಣದಲ್ಲಿ. ವಕೀಲರ ಗೈರುಹಾಜರಿಯಿಂದ ಅಲಹಾಬಾದ್ ಹೈಕೋರ್ಟಿನಲ್ಲಿ ವಿಲೇವಾರಿಯಾಗಿಹೋಗಿದ್ದ ಮೇಲ್ಮನವಿಯದು. ವಕೀಲರನ್ನು ಆರಿಸಿ, ವಿಷಯ ತಿಳಿಸಿ, ಶುಲ್ಕ ಕೊಟ್ಟ ಮೇಲೆ ಕಕ್ಷಿದಾರನ ಪಾಲಿನ ಕೆಲಸ ಮುಗಿಯುತ್ತದೆ. ಹಳ್ಳಿಯಲ್ಲಿರುವ, ನ್ಯಾಯಾಲಯದ ಕಾರ್ಯವಿಧಾನ ಅರಿಯದ ವ್ಯಕ್ತಿಯು ವಕೀಲರು ವಾಯಿದೆಗೆ ಹಾಜರಾಗುವರೇ ಎಂದು ಕಾವಲು ಕಾಯಬೇಕೆಂದು ನಿರೀಕ್ಷಿಸಲಾಗದು ಎಂಬ ನಿಲುವನ್ನು ನ್ಯಾಯಾಲಯ ತಾಳಿತು. ಮೇಲ್ಮನವಿ ಮರುಜೀವ ಪಡೆಯಿತು. ಎದುರುದಾರರ ವೆಚ್ಚವಾದ 200 ರೂಪಾಯಿಯನ್ನು ಗೈರಾದ ವಕೀಲರಿಂದಲೇ ವಸೂಲು ಮಾಡಲು ಆದೇಶವಾಯಿತು.

ಆದರೆ ಇದು ಎಲ್ಲರಿಗೂ ಅನ್ವಯವಾಗುವ ಸೂತ್ರವಲ್ಲ ಎಂದು 1993ರ ಸಲೀಲ್ ದತ್ತಾ ಪ್ರಕರಣದಲ್ಲಿ ಅದೇ ನ್ಯಾಯಾಲಯ ಎಚ್ಚರಿಸಿತು. ವಕೀಲರು ಕಕ್ಷಿದಾರರ ಪ್ರತಿನಿಧಿ, ಅವರ ನಡೆ ಸಾಮಾನ್ಯವಾಗಿ ಕಕ್ಷಿದಾರರನ್ನು ಕಟ್ಟುತ್ತದೆ. ನಗರದಲ್ಲೇ ಇರುವ, ವ್ಯವಹಾರ ಬಲ್ಲ ಕಕ್ಷಿದಾರರು ಎಲ್ಲ ತಪ್ಪನ್ನೂ ವಕೀಲರ ತಲೆಗೆ ಕಟ್ಟಿ ಕೈತೊಳೆದುಕೊಳ್ಳುವಂತಿಲ್ಲ ಎಂಬುದು ಅದರ ತಾತ್ಪರ್ಯ. 2024ರ ನವೆಂಬರಿನ ರಜನೀಶ್ ಕುಮಾರ್ ವಿರುದ್ಧ ವೇದ್ ಪ್ರಕಾಶ್ ತೀರ್ಪಿನಲ್ಲಿಯೂ, ತಮ್ಮ ವ್ಯಾಜ್ಯದ ಬಗ್ಗೆ ಕಕ್ಷಿದಾರರು ಸ್ವತಃ ಜಾಗೃತರಾಗಿರಬೇಕು ಎಂದು ನ್ಯಾಯಾಲಯ ಖಡಾಖಂಡಿತವಾಗಿ ಹೇಳಿದೆ.

ವಕೀಲರು ‘ನನಗೆ ಕಕ್ಷಿದಾರರಿಂದ ಸೂಚನೆ ಇಲ್ಲ’ ಎಂದು ಹೇಳಿ ಪ್ರಕರಣದಿಂದ ಹಿಂದೆ ಸರಿಯುವ ಸಂದರ್ಭ ಬೇರೆ. ಕಕ್ಷಿದಾರರಿಗೆ ನೋಟಿಸು ನೀಡದೆ ಅದೇ ದಿನ ಮುಂದುವರಿಯುವುದು ಅನ್ಯಾಯಕ್ಕೆ ಎಡೆಮಾಡುತ್ತದೆ ಎಂಬ ತತ್ತ್ವ 1998ರ ಮಲ್ಕಿಯತ್ ಸಿಂಗ್ ವಿರುದ್ಧ ಜೋಗಿಂದರ್ ಸಿಂಗ್ ಪ್ರಕರಣದಲ್ಲಿ ದೃಢಪಟ್ಟಿದೆ. ಇನ್ನು ವಕೀಲರ ಮುಷ್ಕರದ ದಿನಗಳಲ್ಲಿ ಪ್ರಕರಣ ಮುಂದೂಡುವ ಬಾಧ್ಯತೆ ನ್ಯಾಯಾಲಯಕ್ಕಿಲ್ಲ. ಮುಷ್ಕರ ನಡೆಸುವ ಹಕ್ಕು ವಕೀಲರಿಗಿಲ್ಲ ಎಂದು ಸರ್ವೋಚ್ಚ ನ್ಯಾಯಾಲಯ ಹರೀಶ್ ಉಪ್ಪಲ್ ಪ್ರಕರಣದಲ್ಲಿ ಸಾರಿದೆ.

ವಿಳಂಬದ ಲೆಕ್ಕ

30 ದಿನ ಮೀರಿದ ಅರ್ಜಿಗಳಲ್ಲಿ ನ್ಯಾಯಾಲಯಗಳ ಧೋರಣೆ ಕಾಲದಿಂದ ಕಾಲಕ್ಕೆ ಸಡಿಲವಾಗಿಯೂ ಬಿಗಿಯಾಗಿಯೂ ಕಂಡಿದೆ. 1987ರ ಕತೀಜಿ ಪ್ರಕರಣದಲ್ಲಿ ಸರ್ವೋಚ್ಚ ನ್ಯಾಯಾಲಯವು, ವಿಳಂಬ ಮಾಡುವುದರಿಂದ ಕಕ್ಷಿದಾರರಿಗೆ ಸಾಮಾನ್ಯವಾಗಿ ಲಾಭವೇನೂ ಇರುವುದಿಲ್ಲ, ತಾಂತ್ರಿಕತೆಗಿಂತ ನೈಜ ನ್ಯಾಯಕ್ಕೆ ಒತ್ತು ಇರಬೇಕು ಎಂಬ ಉದಾರ ನೀತಿಯನ್ನು ಪ್ರತಿಪಾದಿಸಿತು. ಅಲ್ಲಿ ಆಗಿದ್ದ ವಿಳಂಬ ನಾಲ್ಕು ದಿನ.

1998ರ ಎನ್. ಬಾಲಕೃಷ್ಣನ್ ಪ್ರಕರಣದಲ್ಲಿ ವಿಳಂಬ 883 ದಿನಗಳದ್ದಾಗಿತ್ತು. ಏಕಪಕ್ಷೀಯ ಡಿಕ್ರಿಯನ್ನು ತೆರವುಗೊಳಿಸಲು ಹಾಕಿದ್ದ ಅರ್ಜಿಯೇ ಗೈರುಹಾಜರಿಯಿಂದ ವಜಾ ಆಗಿತ್ತು. ವಕೀಲರು ಅದನ್ನು ತಿಳಿಸಿರಲಿಲ್ಲ. ದಿನಗಳ ಸಂಖ್ಯೆಗಿಂತ ವಿವರಣೆಯ ಪ್ರಾಮಾಣಿಕತೆ ಮುಖ್ಯ ಎಂದ ಸರ್ವೋಚ್ಚ ನ್ಯಾಯಾಲಯ, ವೆಚ್ಚ ಭರಿಸುವ ಷರತ್ತಿನೊಂದಿಗೆ ವಿಳಂಬವನ್ನು ಮನ್ನಿಸಿತು. ಆ ಕಕ್ಷಿದಾರರು ಗ್ರಾಹಕ ವೇದಿಕೆಗೆ ಹೋಗಿ ವಕೀಲರಿಂದ 50,000 ರೂಪಾಯಿ ಪರಿಹಾರದ ಆದೇಶವನ್ನೂ ಪಡೆದಿದ್ದರು. ಆ ಹಾದಿ ಈಗ ಇಲ್ಲ. ವಕೀಲರ ಸೇವೆ ಗ್ರಾಹಕ ಸಂರಕ್ಷಣಾ ಕಾಯ್ದೆಯ ವ್ಯಾಪ್ತಿಗೆ ಬರುವುದಿಲ್ಲವೆಂದು 2024ರ ಮೇ 14ರಂದು ಸರ್ವೋಚ್ಚ ನ್ಯಾಯಾಲಯ ತೀರ್ಪಿತ್ತಿದೆ. ವಕೀಲರ ದುರ್ನಡತೆಯ ಬಗ್ಗೆ 1961ರ ವಕೀಲರ ಕಾಯ್ದೆಯ 35ನೇ ಕಲಮಿನಡಿ ರಾಜ್ಯ ವಕೀಲರ ಪರಿಷತ್ತಿಗೆ ದೂರು ನೀಡುವ ಅವಕಾಶ ಉಳಿದಿದೆ.

ಇತ್ತೀಚಿನ ವರ್ಷಗಳಲ್ಲಿ ಗಾಳಿ ಬಿಗಿಯ ಕಡೆಗೆ ಬೀಸುತ್ತಿದೆ. ಕರ್ನಾಟಕ ಗೃಹ ಮಂಡಳಿಯು 3,966 ದಿನ ತಡವಾಗಿ ಸಲ್ಲಿಸಿದ್ದ ಎರಡನೆಯ ಮೇಲ್ಮನವಿಯ ವಿಳಂಬವನ್ನು ಹೈಕೋರ್ಟ್ ಮನ್ನಿಸಿತ್ತು. ಆ ಆದೇಶವನ್ನು ಸರ್ವೋಚ್ಚ ನ್ಯಾಯಾಲಯ 2025ರ ಸೆಪ್ಟೆಂಬರಿನಲ್ಲಿ ರದ್ದುಗೊಳಿಸಿತು. ಅದು ಮರುದಾಖಲಿನ ಪ್ರಕರಣವಲ್ಲ, ಮೇಲ್ಮನವಿ ಸಲ್ಲಿಕೆಯಲ್ಲಾದ ವಿಳಂಬದ ಪ್ರಕರಣ. ಆದರೆ ಎರಡಕ್ಕೂ ಅನ್ವಯವಾಗುವುದು ಅದೇ 5ನೇ ಕಲಮು. ಸರ್ಕಾರಿ ಸಂಸ್ಥೆಯೆಂಬ ಕಾರಣಕ್ಕೆ ವಿಶೇಷ ರಿಯಾಯಿತಿ ಇಲ್ಲ ಎಂಬ ಸಂದೇಶ ಆ ತೀರ್ಪಿನಲ್ಲಿದೆ.

ನ್ಯಾಯಾಲಯದ ಈ ಬಿಗಿತನಕ್ಕೆ ಮತ್ತೊಂದು ಮುಖವಿದೆ. ಗೆದ್ದ ಡಿಕ್ರಿಯನ್ನು ಕೈಯಲ್ಲಿ ಹಿಡಿದು ವರ್ಷಗಟ್ಟಲೆ ಕಾದಿರುವ ಎದುರುದಾರರೂ ನ್ಯಾಯ ಕೇಳುವವರೇ. ತಡೆಯಾಜ್ಞೆ ಪಡೆದು, ವಾಯಿದೆಯಿಂದ ವಾಯಿದೆಗೆ ಎಳೆದು, ವಜಾ ಆದಾಗ ಮರುದಾಖಲು ಮಾಡಿಸಿ ಮತ್ತೆ ಗೈರಾಗುವವರೂ ಇದ್ದಾರೆ. ಸಕಾರಣದ ಪರೀಕ್ಷೆ ಇಬ್ಬರ ಹಿತವನ್ನೂ ತೂಗಿ ನೋಡಬೇಕಾದ ತಕ್ಕಡಿ.

ಮರುದಾಖಲು ನಿರಾಕರಿಸಿದರೆ

19ನೇ ನಿಯಮದ ಅರ್ಜಿಯನ್ನು ತಿರಸ್ಕರಿಸಿದ ಆದೇಶದ ವಿರುದ್ಧ ಸಂಹಿತೆಯ 43ನೇ ಆದೇಶದ ಒಂದನೆಯ ನಿಯಮದಡಿ ಮೇಲ್ಮನವಿ ಸಲ್ಲುತ್ತದೆ. ಅಲ್ಲಿ ಪ್ರಶ್ನೆ ಸೀಮಿತವಾದದ್ದು. ಗೈರುಹಾಜರಿಗೆ ಸಕಾರಣ ಇತ್ತೇ ಎಂಬುದಷ್ಟೇ ವಿಚಾರಣೆಗೆ ಬರುತ್ತದೆ, ಮೂಲ ವ್ಯಾಜ್ಯವಲ್ಲ.

ಮೇಲ್ಮನವಿದಾರರು ಹಾಜರಿದ್ದು ಎದುರುದಾರರು ಗೈರಾದರೆ ವಿಚಾರಣೆ ಏಕಪಕ್ಷೀಯವಾಗಿ ನಡೆಯುತ್ತದೆ. ತೀರ್ಪು ತಮ್ಮ ವಿರುದ್ಧ ಬಂದರೆ ಎದುರುದಾರರು 21ನೇ ನಿಯಮದಡಿ ಮರುವಿಚಾರಣೆ ಕೋರಬಹುದು. ಕೆಳ ನ್ಯಾಯಾಲಯದಲ್ಲಿ ಗೆದ್ದವರು ಮೇಲ್ಮನವಿಯ ನೋಟಿಸನ್ನು ಕಡೆಗಣಿಸಬಾರದು ಎಂಬುದಕ್ಕೆ ಈ ನಿಯಮಗಳೇ ಕಾರಣ.

ಕಕ್ಷಿದಾರರ ಸಾವು: ಬೇರೆಯೇ ಆದ ಕಾಲಮಿತಿ

ದೀರ್ಘಕಾಲ ಉಳಿದ ಮೇಲ್ಮನವಿಗಳಲ್ಲಿ ಕಕ್ಷಿದಾರರೇ ತೀರಿಕೊಳ್ಳುವುದು ಅಪರೂಪವಲ್ಲ. ಆಗ ಅನ್ವಯವಾಗುವುದು 22ನೇ ಆದೇಶ. ಮೃತರ ವಾರಸುದಾರರನ್ನು 90 ದಿನಗಳೊಳಗೆ ದಾಖಲೆಗೆ ತರದಿದ್ದರೆ ಮೃತರ ಮಟ್ಟಿಗೆ ಮೇಲ್ಮನವಿ ತಾನಾಗಿಯೇ ಕೊನೆಗೊಳ್ಳುತ್ತದೆ. ವಕೀಲರ ಮಾತಿನಲ್ಲಿ ಹೇಳುವುದಾದರೆ ‘ಅಬೇಟ್’ ಆಗುತ್ತದೆ. ಅದನ್ನು ತೆರವು ಮಾಡಿಸಲು ಮತ್ತೆ 60 ದಿನಗಳ ಅವಧಿಯಿದೆ. ಅದನ್ನೂ ಮೀರಿದರೆ ವಿಳಂಬ ಮನ್ನಾ ಅರ್ಜಿ ಬೇಕು. ತಮ್ಮ ಕಕ್ಷಿದಾರರು ಮೃತಪಟ್ಟ ಸಂಗತಿ ತಿಳಿದ ಕೂಡಲೇ ವಕೀಲರು ಅದನ್ನು ನ್ಯಾಯಾಲಯಕ್ಕೆ ತಿಳಿಸಬೇಕೆಂದು 1976ರ ತಿದ್ದುಪಡಿಯಲ್ಲಿ ಸೇರಿದ ನಿಯಮ 10-ಎ ವಿಧಿಸುತ್ತದೆ. ತಂದೆಯ ಕಾಲದ ವ್ಯಾಜ್ಯದ ಕಾಗದಪತ್ರಗಳು ಎಲ್ಲಿವೆ, ವಕೀಲರು ಯಾರು ಎಂಬುದು ಮಕ್ಕಳಿಗೆ ತಿಳಿಯದಿರುವುದೇ ಇಂತಹ ಪ್ರಕರಣಗಳಲ್ಲಿ ಹೆಚ್ಚಾಗಿ ಎದುರಾಗುವ ಅಡಚಣೆ.

ಕಕ್ಷಿದಾರರು ಗಮನಿಸಬೇಕಾದ ಅಂಶಗಳು

ಮೇಲ್ಮನವಿ ಸಲ್ಲಿಸಿದ ದಿನವೇ ಅದರ ಸಂಖ್ಯೆಯನ್ನೂ, ಪ್ರತಿ ಪ್ರಕರಣಕ್ಕೂ ನೀಡಲಾಗುವ 16 ಅಕ್ಷರ-ಅಂಕಿಗಳ ಸಿ.ಎನ್.ಆರ್. ಸಂಖ್ಯೆಯನ್ನೂ ಬರೆದಿಟ್ಟುಕೊಳ್ಳಬೇಕು. ಈ ಸಂಖ್ಯೆಯಿಂದ ಇ-ಕೋರ್ಟ್ಸ್ ಜಾಲತಾಣದಲ್ಲಿ ಅಥವಾ ಮೊಬೈಲ್ ಆ್ಯಪ್‌ನಲ್ಲಿ ಮುಂದಿನ ವಾಯಿದೆ, ಹಿಂದಿನ ದಿನದ ಆದೇಶ ಎರಡನ್ನೂ ಯಾರ ನೆರವೂ ಇಲ್ಲದೆ ನೋಡಬಹುದು. ತಿಂಗಳಿಗೊಮ್ಮೆ ಹೀಗೆ ನೋಡುವ ಅಭ್ಯಾಸವಿದ್ದರೆ ವಜಾ ಆದೇಶ 30 ದಿನಗಳೊಳಗೇ ಕಣ್ಣಿಗೆ ಬೀಳುತ್ತದೆ.

ವಿಳಾಸ ಅಥವಾ ದೂರವಾಣಿ ಸಂಖ್ಯೆ ಬದಲಾದರೆ ವಕೀಲರಿಗೆ ಲಿಖಿತವಾಗಿ ತಿಳಿಸಬೇಕು. ವಕೀಲರೊಂದಿಗೆ ನಡೆಸಿದ ಪತ್ರ ವ್ಯವಹಾರ, ಶುಲ್ಕ ಪಾವತಿಯ ರಸೀದಿಗಳನ್ನು ಕಾಪಾಡಬೇಕು. ತಾವು ಜಾಗೃತರಾಗಿದ್ದೆವು ಎಂದು ಮುಂದೊಂದು ದಿನ ರುಜುವಾತು ಮಾಡಬೇಕಾದರೆ ನೆರವಿಗೆ ಬರುವುದು ಇವೇ. ಕಚೇರಿಯ ಆಕ್ಷೇಪಣೆಗಳು, ನೋಟಿಸು ಶುಲ್ಕ, ಎದುರುದಾರರ ವಿಳಾಸ ಇವುಗಳ ಸ್ಥಿತಿಯನ್ನು ವಿಚಾರಿಸುತ್ತಿರಬೇಕು.

ಮೇಲ್ಮನವಿ ವಜಾ ಆದದ್ದು ತಿಳಿದರೆ ಆದೇಶದ ಪ್ರಮಾಣೀಕೃತ ಪ್ರತಿಗೆ ಅಂದೇ ಅರ್ಜಿ ಹಾಕಬೇಕು. ಮರುದಾಖಲು ಅರ್ಜಿಯೊಂದಿಗೆ ಸಲ್ಲಿಸುವ ಪ್ರಮಾಣಪತ್ರದಲ್ಲಿ ದಿನಾಂಕ ಸಮೇತ ನಿಜ ಸಂಗತಿ ಇರಬೇಕು. ಆಸ್ಪತ್ರೆಗೆ ಸೇರಿದ್ದು ನಿಜವಾದರೆ ಅದರ ದಾಖಲೆ ಲಗತ್ತಿಸಬೇಕು. ‘ಅನಾರೋಗ್ಯದ ನಿಮಿತ್ತ’ ಎಂಬ ಸಿದ್ಧ ವಾಕ್ಯ ನ್ಯಾಯಾಲಯಕ್ಕೆ ಹೊಸತಲ್ಲ. ವಕೀಲರನ್ನು ನೇಮಿಸಿಕೊಳ್ಳುವ ಶಕ್ತಿ ಇಲ್ಲದವರು ಕಾನೂನು ಸೇವಾ ಪ್ರಾಧಿಕಾರವನ್ನು ಸಂಪರ್ಕಿಸಬಹುದು. 1987ರ ಕಾನೂನು ಸೇವಾ ಪ್ರಾಧಿಕಾರಗಳ ಕಾಯ್ದೆಯ 12ನೇ ಕಲಮಿನಂತೆ ಮಹಿಳೆಯರು, ಪರಿಶಿಷ್ಟ ಜಾತಿ ಮತ್ತು ಪಂಗಡದವರು, ಅಂಗವಿಕಲರು, ನಿಗದಿತ ಮಿತಿಗಿಂತ ಕಡಿಮೆ ಆದಾಯದವರು ಮೊದಲಾದವರಿಗೆ ಉಚಿತ ಕಾನೂನು ನೆರವು ದೊರೆಯುತ್ತದೆ. ಜಿಲ್ಲಾ ನ್ಯಾಯಾಲಯಗಳಲ್ಲಿಯೂ ತಾಲ್ಲೂಕು ಮಟ್ಟದಲ್ಲಿಯೂ ಇದರ ಘಟಕಗಳಿವೆ. ಮೇಲ್ಮನವಿ ಹಂತದಲ್ಲಿಯೂ ಈ ನೆರವು ಲಭ್ಯ.

ಮೇಲ್ಮನವಿಯೊಂದು ಗುಣಾವಗುಣದ ಮೇಲೆ ವಜಾ ಆದರೆ ಸೋತವರಿಗೆ ಕಾರಣಗಳನ್ನು ವಿವರಿಸಿದ ತೀರ್ಪಾದರೂ ಕೈಗೆ ಸಿಗುತ್ತದೆ. ಗೈರುಹಾಜರಿಯಿಂದ ವಜಾ ಆದಾಗ ಸಿಗುವುದು ‘ಕೂಗಿಸಲಾಯಿತು, ಮೇಲ್ಮನವಿದಾರರ ಪರ ಯಾರೂ ಹಾಜರಿಲ್ಲ, ವಜಾ’ ಎಂಬ ಒಂದು ಸಾಲು ಮಾತ್ರ. ಆ ಸಾಲನ್ನು ಅಳಿಸಲು ಕಾನೂನು ಕೊಟ್ಟಿರುವ 30 ದಿನಗಳು, ಅದು ಬರೆಯಲ್ಪಟ್ಟ ದಿನದಿಂದಲೇ ಕಳೆಯತೊಡಗುತ್ತವೆ.